ಗ್ಲೊಗ್ ಕುದಿಯಬಾರದು: ಸ್ವೀಡನ್ನಿನ ಕ್ರಿಸ್‌ಮಸ್ ವೈನ್ ಮತ್ತು ನನ್ನ ಅನುಭವ

ಗ್ಲೊಗ್ ಮಾಡುವುದರಲ್ಲಿ ಒಲೆಯ ಕೆಲಸ ಕಡಿಮೆ, ಸೀಸೆಯ ಕೆಲಸ ಹೆಚ್ಚು. ಕ್ರಿಸ್‌ಮಸ್ ಹೊತ್ತಿಗೆ ಸ್ವೀಡನ್ನಿನ ಮನೆಗಳಲ್ಲಿ ಬಿಸಿಯಾಗಿ ಕೊಡುವ ಈ ಮಸಾಲೆ ವೈನನ್ನು ಹಲವು ಚಳಿಗಾಲಗಳಿಂದ ಉಪ್ಸಾಲಾದ ನನ್ನ ಅಡುಗೆಮನೆಯಲ್ಲಿ ತಯಾರಿಸುತ್ತಿದ್ದೇನೆ. ವೈನಿಗೆ ಚಕ್ಕೆ ಲವಂಗ ಹಾಕಿ ಕುದಿಸಿಬಿಟ್ಟವರು "ಒಗರಾಯಿತು, ಕಹಿಯಾಯಿತು" ಎಂದು ಹೇಳಿಕೊಳ್ಳುವುದನ್ನು ಎಷ್ಟೋ ಸಲ ಕೇಳಿದ್ದೇನೆ. ಮಸಾಲೆಯ ಸಾರವನ್ನು ತಣ್ಣನೆಯ ಮದ್ಯದಲ್ಲಿ ನಿಧಾನವಾಗಿ ಇಳಿಸಿಕೊಳ್ಳಬೇಕು. ವೈನನ್ನು ಕೊನೆಯಲ್ಲಿ ಬಿಸಿ ಮಾಡಿದರೆ ಸಾಕು. ಇದೊಂದನ್ನು ಹಿಡಿದುಕೊಂಡರೆ ಉಳಿದದ್ದೆಲ್ಲ ಸುಲಭ.

ಇಲ್ಲಿ ಡಿಸೆಂಬರ್ ನಡುವಿನಲ್ಲಿ ಸೂರ್ಯ ಹುಟ್ಟುವುದು ಬೆಳಗ್ಗೆ ಎಂಟೂಮುಕ್ಕಾಲರ ಸುಮಾರಿಗೆ. ಮುಳುಗುವುದು ಮಧ್ಯಾಹ್ನ ಮೂರಕ್ಕೂ ಮೊದಲು. ಕ್ರಿಸ್‌ಮಸ್‌ಗೆ ಮುಂಚಿನ ನಾಲ್ಕು ಭಾನುವಾರಗಳು ಅಡ್ವೆಂಟ್ ಭಾನುವಾರಗಳು. ಮೊದಲನೆಯ ಭಾನುವಾರ ಬರುವಷ್ಟರಲ್ಲಿ ಬೀದಿಯ ಎಲ್ಲ ಕಿಟಕಿಗಳಲ್ಲೂ ಏಳು ದೀಪಗಳ ವಿದ್ಯುತ್ ದೀಪಸ್ತಂಭವೋ ಕಾಗದದ ನಕ್ಷತ್ರವೋ ಬೆಳಗುತ್ತಿರುತ್ತದೆ. ಅಂದಿನಿಂದ ಶುರುವಾಗುವ ಗ್ಲೊಗ್ ಕೂಟಗಳು ಹಬ್ಬ ಮುಗಿಯುವ ತನಕ ನಡೆಯುತ್ತವೆ. ನೆರೆಹೊರೆಯವರು, ಕಚೇರಿಯವರು, ಕಟ್ಟಡದ ನಿವಾಸಿಗಳ ಸಂಘದವರು ಒಬ್ಬರನ್ನೊಬ್ಬರು ಕರೆಯುತ್ತಾರೆ. ಊಟವಿರುವುದಿಲ್ಲ. ಒಂದೆರಡು ಗಂಟೆ ನಿಂತು ಮಾತಾಡಿ, ಗ್ಲೊಗ್ ಕುಡಿದು ಹೊರಡುವ ಸರಳ ಕೂಟ. ಊರು ಬಿಟ್ಟು ಬಂದು ಇಲ್ಲಿ ನೆಲೆಸಿದ ನನಗೆ ಸ್ವೀಡನ್ನಿನವರ ಮನೆಯ ಬಾಗಿಲು ಮೊದಲು ತೆರೆದದ್ದೇ ಇಂಥ ಕೂಟಗಳಲ್ಲಿ. ಹಾಗಾಗಿ ಈ ಪಾನೀಯದ ಮೇಲೆ ನನಗೆ ಋಣಭಾವವಿದೆ.

ಅಂಗಡಿಯಲ್ಲಿ ತಯಾರಾದ ಗ್ಲೊಗ್ ಧಾರಾಳವಾಗಿ ಸಿಗುತ್ತದೆ. ಮದ್ಯವಿಲ್ಲದ್ದು ಅಥವಾ ತೀರ ಕಡಿಮೆಯಿರುವುದು ದಿನಸಿ ಅಂಗಡಿಗಳಲ್ಲೇ ಇರುತ್ತದೆ. ಶೇಕಡಾ 2.25ಕ್ಕಿಂತ ಹೆಚ್ಚು ಮದ್ಯಾಂಶದ್ದನ್ನು ಸರ್ಕಾರಿ ಒಡೆತನದ ಸಿಸ್ಟೆಮ್‌ಬೊಲಾಗೆಟ್‌ನಿಂದ ತರಬೇಕು. ಇಪ್ಪತ್ತು ವರ್ಷ ತುಂಬಿರಬೇಕು. ಆ ಅಂಗಡಿ ಶನಿವಾರ ಮಧ್ಯಾಹ್ನವೇ ಮುಚ್ಚುತ್ತದೆ, ಭಾನುವಾರ ತೆರೆಯುವುದೇ ಇಲ್ಲ. ಅಡ್ವೆಂಟ್ ಬರುವುದು ಭಾನುವಾರವಾದ್ದರಿಂದ ಖರೀದಿಯನ್ನು ವಾರದ ನಡುವೆಯೇ ಮುಗಿಸಿಡುವುದು ಒಳ್ಳೆಯದು. ಬ್ಲೊಸ್ಸಾ ಎಂಬ ಬ್ರ್ಯಾಂಡ್ 2003ರಿಂದ ಪ್ರತಿವರ್ಷ ಒಂದು ಹೊಸ ರುಚಿಯನ್ನು ಹೊಸ ಸೀಸೆಯಲ್ಲಿ ತರುತ್ತದೆ. ಆ ಸೀಸೆಗಳನ್ನು ಕೂಡಿಡುವವರೂ ಇದ್ದಾರೆ. ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ವೈನ್ ವ್ಯಾಪಾರಿಗಳು ತಮ್ಮ ತಮ್ಮ ಮಿಶ್ರಣಗಳಿಗೆ ಕ್ರಿಸ್‌ಮಸ್ ಚಿತ್ರದ ಚೀಟಿ ಅಂಟಿಸಿ ಮಾರತೊಡಗಿದ ಮೇಲೆಯೇ ಗ್ಲೊಗ್ ಈ ಹಬ್ಬಕ್ಕೆ ಗಟ್ಟಿಯಾಗಿ ಅಂಟಿಕೊಂಡಿತು. ಸೀಸೆಯ ಗ್ಲೊಗ್ ಕೆಟ್ಟದ್ದೇನಲ್ಲ. ಆದರೆ ನನ್ನ ನಾಲಿಗೆಗೆ ಅದರಲ್ಲಿ ಸಿಹಿ ಮುಂದೆ, ಏಲಕ್ಕಿ ಹಿಂದೆ. ಏಲಕ್ಕಿ ಮುಂದಿರಬೇಕೆಂದೇ ನಾನು ಮನೆಯಲ್ಲಿ ಮಾಡುವುದು.

ಇದನ್ನು ಕಲಿಸಿದವರು ನಮ್ಮ ಕಟ್ಟಡದ ಕೆಳಮಹಡಿಯಲ್ಲಿದ್ದ ಒಬ್ಬ ಹಿರಿಯ ಮಹಿಳೆ. ನಮ್ಮ ಮನೆಗಳಲ್ಲಿ ಮಸಾಲೆಯ ಸಾರ ತೆಗೆಯುವುದೆಂದರೆ ಕಷಾಯ: ನೀರಿಗೆ ಹಾಕು, ಕುದಿಸು, ಬತ್ತಿಸು. ಆ ಹಿರಿಯರು ಒಲೆಯ ಹತ್ತಿರವೂ ಹೋಗದೆ ಗಾಜಿನ ಭರಣಿಗೆ ವೋಡ್ಕಾ ಸುರಿದು, ಮಸಾಲೆ ಹಾಕಿ, ಮುಚ್ಚಳ ಬಿಗಿದು ಕಪಾಟಿನಲ್ಲಿಟ್ಟಾಗ ನನಗೆ ಅಚ್ಚರಿ. ಕಾರಣವನ್ನು ಆಮೇಲೆ ನಾನೇ ಓದಿ ತಿಳಿದುಕೊಂಡೆ. ಏಲಕ್ಕಿ, ಲವಂಗ, ಕಿತ್ತಳೆ ಸಿಪ್ಪೆಗಳ ಪರಿಮಳವಿರುವುದು ಅವುಗಳ ಎಣ್ಣೆಯಲ್ಲಿ. ಲವಂಗದ ಯೂಜಿನಾಲ್, ಸಿಪ್ಪೆಯ ಲಿಮೊನೀನ್ ಇವೆಲ್ಲ ನೀರಿನಲ್ಲಿ ಅಷ್ಟಾಗಿ ಕರಗುವುದಿಲ್ಲ, ಮದ್ಯಸಾರದಲ್ಲಿ ಚೆನ್ನಾಗಿ ಕರಗುತ್ತವೆ. ಕುದಿಸಿದಾಗ ಪರಿಮಳ ಆವಿಯೊಡನೆ ಹೊರಟುಹೋಗುತ್ತದೆ, ಅಡುಗೆಮನೆಯೆಲ್ಲ ಘಮಘಮಿಸುತ್ತದೆ. ಪಾತ್ರೆಯಲ್ಲಿ ಒಗರು ಮತ್ತು ಕಹಿ ಉಳಿಯುತ್ತವೆ. ಜ್ವರಕ್ಕೆ ಕುಡಿಯುವ ಕಷಾಯಕ್ಕೆ ಆ ಕಹಿ ಒಪ್ಪುತ್ತದೆ, ಗ್ಲೊಗ್‌ಗೆ ಒಪ್ಪುವುದಿಲ್ಲ.

ನನ್ನ ಅಳತೆ 750 ಮಿಲಿಲೀಟರಿನ ಒಂದು ಸೀಸೆ ಕೆಂಪು ವೈನಿಗೆ. ವೋಡ್ಕಾ 150 ಮಿಲಿಲೀಟರ್, ಏಲಕ್ಕಿ ಹತ್ತು, ಬೆರಳುದ್ದದ ಚಕ್ಕೆ ಎರಡು, ಲವಂಗ ಎಂಟು, ಒಣಶುಂಠಿಯ ಸಣ್ಣ ತುಂಡು ಒಂದು, ಒಣಗಿಸಿದ ಕಹಿಕಿತ್ತಳೆ ಸಿಪ್ಪೆ ಒಂದು ದೊಡ್ಡ ಚಮಚ, ಸಕ್ಕರೆ ನೂರು ಗ್ರಾಮಿನಷ್ಟು.

ಏಲಕ್ಕಿಯ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು. ಸ್ವೀಡನ್ನಿನವರಿಗೆ ಏಲಕ್ಕಿಯ ಮೇಲಿರುವ ಪ್ರೀತಿ ನಮ್ಮವರ ಪ್ರೀತಿಗೆ ಸರಿಸಾಟಿ. ಕಾಫಿಯ ಜೊತೆ ತಿನ್ನುವ ಬನ್ನುಗಳಲ್ಲಿ ಅದು ಹಲ್ಲಿಗೆ ಸಿಗುವಷ್ಟು ದಪ್ಪದಪ್ಪ ಪುಡಿಯಾಗಿ ಬಿದ್ದಿರುತ್ತದೆ. ಇಲ್ಲಿನ ಅಂಗಡಿಗಳಲ್ಲಿ ಗ್ವಾಟೆಮಾಲಾದ ಏಲಕ್ಕಿ ಸಾಮಾನ್ಯ. ನಾನು ಊರಿಗೆ ಹೋದಾಗ ಸಕಲೇಶಪುರದ ಕಡೆಯ ತೋಟದ ಏಲಕ್ಕಿ ತಂದಿಟ್ಟುಕೊಳ್ಳುತ್ತೇನೆ. ಅಭಿಮಾನಕ್ಕಾಗಿ ಮಾತ್ರ ಹೀಗೆ ಮಾಡುತ್ತೇನೆಂದು ತಿಳಿಯಬೇಡಿ. ಹೊಸ ಏಲಕ್ಕಿಗೂ ಹಲವು ತಿಂಗಳು ಅಂಗಡಿಯ ಕಪಾಟಿನಲ್ಲಿ ಕುಳಿತ ಏಲಕ್ಕಿಗೂ ವ್ಯತ್ಯಾಸ ಮೊದಲ ಗುಟುಕಿನಲ್ಲೇ ಗೊತ್ತಾಗುತ್ತದೆ. ಎಲ್ಲಿಯದಾದರೂ ಸರಿ, ಸಿಪ್ಪೆ ಹಸಿರಾಗಿರಬೇಕು, ಬಿಡಿಸಿದಾಗ ಕಾಳು ಕಪ್ಪಗೆ, ಸ್ವಲ್ಪ ಅಂಟಂಟಾಗಿರಬೇಕು. ಕುಟ್ಟಾಣಿಯಲ್ಲಿ ಒಂದೇ ಏಟು ಹಾಕಿ ಸಿಪ್ಪೆ ಬಿರಿಯುವಂತೆ ಮಾಡಿದರೆ ಸಾಕು. ಪುಡಿ ಮಾಡಿದರೆ ಎಷ್ಟು ಸೋಸಿದರೂ ಗ್ಲೊಗ್ ಮಬ್ಬಾಗಿಯೇ ಇರುತ್ತದೆ.

ಕಹಿಕಿತ್ತಳೆಯ ಸಿಪ್ಪೆಯನ್ನು ಇಲ್ಲಿ ಪೊಮೆರಾನ್ಸ್ ಎಂಬ ಹೆಸರಿನಲ್ಲಿ ಸಣ್ಣ ಪೊಟ್ಟಣಗಳಲ್ಲಿ ಮಾರುತ್ತಾರೆ. ಅದರ ಕಹಿ ನಮ್ಮ ಹೇರಳೆಕಾಯಿಯ ಕಹಿಗೆ ಹತ್ತಿರ. ದೊಡ್ಡ ತುಂಡುಗಳಾಗಿ ಸಿಕ್ಕರೆ ಒಂದಷ್ಟು ಹೊತ್ತು ನೀರಿನಲ್ಲಿ ನೆನೆಸಿ, ಒಳಗಿನ ಬಿಳಿ ಭಾಗವನ್ನು ಚಾಕುವಿನಿಂದ ಕೆರೆದು ತೆಗೆಯುತ್ತೇನೆ. ಈ ಕೆಲಸ ಬೇಸರ ತರಿಸುತ್ತದೆ, ಆದರೆ ಬಿಡುವಂತಿಲ್ಲ. ಬಿಳಿ ಭಾಗದಲ್ಲಿ ಕಹಿ ಮಾತ್ರ ಇದೆ, ಪರಿಮಳವಿಲ್ಲ. ಪೊಮೆರಾನ್ಸ್ ಸಿಗದಿದ್ದರೆ ಮಾಮೂಲಿ ಕಿತ್ತಳೆಯ ಹೊರಸಿಪ್ಪೆಯನ್ನು ತೆಳುವಾಗಿ ಹೆರೆದು ಹಾಕಬಹುದು. ಆಗ ರುಚಿ ಮೃದುವಾಗುತ್ತದೆ.

ಲವಂಗವನ್ನು ಹೊರತುಪಡಿಸಿ ಉಳಿದೆಲ್ಲ ಮಸಾಲೆಗಳನ್ನೂ ಭರಣಿಗೆ ಹಾಕಿ, ವೋಡ್ಕಾ ಸುರಿದು, ಬೆಳಕು ಬೀಳದ ಕಡೆ ನಾಲ್ಕೈದು ದಿನ ಇಡುತ್ತೇನೆ. ದಿನಕ್ಕೊಮ್ಮೆ ಅಲುಗಾಡಿಸುವುದುಂಟು. ಲವಂಗ ಹಾಕುವುದು ಕೊನೆಯ ದಿನ. ಅದು ತನ್ನ ಸಾರವನ್ನು ಬೇಗ ಬಿಡುತ್ತದೆ; ಮೊದಲೇ ಹಾಕಿದರೆ ಏಲಕ್ಕಿ ಎಲ್ಲಿದೆಯೆಂದು ಹುಡುಕಬೇಕಾಗುತ್ತದೆ. ಎಲ್ಲವನ್ನೂ ಒಂದೇ ದಿನ ಹಾಕುವವರೇ ಇಲ್ಲಿ ಹೆಚ್ಚು. ಅವರು ಮಾಡಿದ್ದೂ ಚೆನ್ನಾಗಿರುತ್ತದೆ, ಆದರೆ ನನ್ನ ಕ್ರಮ ಇದು. ಸಾರ ಇಳಿಯಿತೇ ಎಂದು ತಿಳಿಯಲು ಒಂದು ಹನಿಯನ್ನು ಅಂಗೈಗೆ ಬಿಟ್ಟು ಉಜ್ಜಿ ಮೂಸುತ್ತೇನೆ. ಮದ್ಯ ಕೂಡಲೇ ಆರಿ ಮಸಾಲೆಯ ಪರಿಮಳ ಉಳಿಯುವುದರಿಂದ ಯಾವುದು ಹೆಚ್ಚು, ಯಾವುದು ಕಡಿಮೆ ಎಂದು ಸ್ಪಷ್ಟವಾಗಿ ತಿಳಿಯುತ್ತದೆ.

ವೈನಿಗೆ ದುಡ್ಡು ಸುರಿಯಬೇಕಾಗಿಲ್ಲ. ಹಣ್ಣಿನ ರುಚಿ ಎದ್ದು ಕಾಣುವ, ಒಗರು ಕಡಿಮೆಯಿರುವ ಎಳೆಯ ಕೆಂಪು ವೈನ್ ಸಾಕು. ಓಕ್ ಪೀಪಾಯಿಯಲ್ಲಿ ವರ್ಷಗಟ್ಟಲೆ ಇಟ್ಟ ವೈನ್ ಇದಕ್ಕೆ ಬೇಡ. ಬಿಸಿ ಮಾಡಿದಾಗ ಅದರ ಒಗರು ಲವಂಗದ ಒಗರಿನ ಜೊತೆ ಸೇರಿ ನಾಲಿಗೆಯನ್ನು ಒಣಗಿಸುತ್ತದೆ. ಪೋರ್ಟ್ ಅಥವಾ ಮದೀರಾ ಎಂಬ ಸಿಹಿ ವೈನನ್ನು ಸ್ವಲ್ಪ ಬೆರೆಸುವವರಿದ್ದಾರೆ. ಹಾಗೆ ಬೆರೆಸಿದರೆ ಸಕ್ಕರೆ ಕಡಿಮೆ ಮಾಡಿ.

ಅತಿಥಿಗಳು ಬರುವ ಹೊತ್ತಿಗೆ ವೈನನ್ನು ಸ್ಟೀಲ್ ಅಥವಾ ಎನಾಮೆಲ್ ಪಾತ್ರೆಗೆ ಸುರಿಯುತ್ತೇನೆ. ವೈನ್ ಹುಳಿಯಾದ್ದರಿಂದ ಅಲ್ಯೂಮಿನಿಯಂ ಬೇಡ. ಸಣ್ಣ ಉರಿಯಲ್ಲಿ ಸಕ್ಕರೆ ಕರಗಿಸಿ, ಸೋಸಿದ ವೋಡ್ಕಾ ಸಾರವನ್ನು ಎಲ್ಲಕ್ಕಿಂತ ಕೊನೆಗೆ ಬೆರೆಸಿ, 65ರಿಂದ 70 ಡಿಗ್ರಿ ಸೆಲ್ಸಿಯಸ್ ಮುಟ್ಟಿದ ಕೂಡಲೇ ಒಲೆ ಆರಿಸುತ್ತೇನೆ. ಶುದ್ಧ ಮದ್ಯಸಾರ 78 ಡಿಗ್ರಿಯಲ್ಲಿ ಕುದಿಯುತ್ತದೆ. ವೈನಿನಲ್ಲಿ ಬೆರೆತಾಗ ಕುದಿಯಲು ಇನ್ನಷ್ಟು ಬಿಸಿ ಬೇಕಾದರೂ, ಮದ್ಯ ಮತ್ತು ಪರಿಮಳ ಎರಡೂ ಆವಿಯಾಗುವುದು ಬಹಳ ಮೊದಲೇ ಶುರುವಾಗುತ್ತದೆ. ಥರ್ಮಾಮೀಟರ್ ಇಲ್ಲದವರು ಪಾತ್ರೆಯ ಅಂಚನ್ನು ನೋಡುತ್ತಿರಿ: ಆವಿ ಏಳುತ್ತಿರಬೇಕು, ಸಣ್ಣ ಗುಳ್ಳೆ ಕಟ್ಟುವ ಮೊದಲೇ ಇಳಿಸಬೇಕು. ಗ್ಯಾಸ್ ಒಲೆಯಾದರೆ ವೋಡ್ಕಾ ಸಾರ ಬೆರೆಸುವಾಗ ಉರಿ ಆರಿಸಿರಿ. ಮದ್ಯದ ಆವಿಗೆ ಬೆಂಕಿ ತಗಲಬಹುದು.

ಬೆಂಕಿ ಹಚ್ಚಿಯೇ ಮಾಡುವ ಹಳೆಯ ವಿಧಾನವೂ ಇದೆ. ಪಾತ್ರೆಯ ಮೇಲೆ ಜಾಲರಿ ಇಟ್ಟು, ಅದರ ಮೇಲೆ ಸಕ್ಕರೆ ಅಚ್ಚನ್ನಿಟ್ಟು, ಬ್ರೆನ್‌ವಿನ್ ಎಂಬ ಕಡು ಮದ್ಯದಿಂದ ತೋಯಿಸಿ ಬೆಂಕಿ ಕೊಡುತ್ತಾರೆ. ಸಕ್ಕರೆ ಕೆಂಪಗೆ ಕರಗಿ ಪಾತ್ರೆಗೆ ತೊಟ್ಟಿಕ್ಕುತ್ತದೆ. ಅದರ ಸುಟ್ಟ ಸಕ್ಕರೆಯ ರುಚಿ ಬಹಳ ಚೆನ್ನಾಗಿರುತ್ತದೆ. ಅಪಾರ್ಟ್‌ಮೆಂಟಿನ ಅಡುಗೆಮನೆಯಲ್ಲಿ ನಾನು ಅದನ್ನು ಮಾಡುವುದಿಲ್ಲ, ಮಾಡಿ ಎಂದು ಯಾರಿಗೂ ಹೇಳುವುದೂ ಇಲ್ಲ.

ಕೊಡುವ ಕಪ್ಪು ಚಿಕ್ಕದಾಗಿರಬೇಕು. ಶೇಕಡಾ 13ರ ವೈನಿಗೆ ಶೇಕಡಾ 40ರ ವೋಡ್ಕಾ ಈ ಅಳತೆಯಲ್ಲಿ ಬೆರೆತರೆ ಮದ್ಯಾಂಶ ಶೇಕಡಾ 17ರ ಆಸುಪಾಸಿಗೆ ಬರುತ್ತದೆ. ಬಿಸಿ ಮತ್ತು ಸಿಹಿ ಎರಡೂ ಇರುವುದರಿಂದ ಅದು ಗೊತ್ತೇ ಆಗುವುದಿಲ್ಲ. ಕಪ್ಪಿನ ತಳಕ್ಕೆ ಮೊದಲು ಒಂದಷ್ಟು ಒಣದ್ರಾಕ್ಷಿ, ನಾಲ್ಕಾರು ಸಿಪ್ಪೆ ಸುಲಿದ ಬಾದಾಮಿ. ಬಾದಾಮಿಯನ್ನು ಕುದಿನೀರಿನಲ್ಲಿ ಒಂದೆರಡು ನಿಮಿಷ ಬಿಟ್ಟು ಹಿಂಡಿದರೆ ಸಿಪ್ಪೆ ಜಾರಿ ಬರುತ್ತದೆ. ಜೊತೆಗೆ ಒಂದು ಪುಟ್ಟ ಚಮಚ ಮರೆಯಬಾರದು. ಗ್ಲೊಗ್ ಹೀರಿ ಉಬ್ಬಿದ ದ್ರಾಕ್ಷಿಯನ್ನು ಕೊನೆಯಲ್ಲಿ ತಿನ್ನಲಿಕ್ಕೆಂದೇ ಕಾದಿರುವವರಿದ್ದಾರೆ, ನಾನೂ ಅವರಲ್ಲಿ ಒಬ್ಬಳು. ತಿನ್ನಲು ಪೆಪ್ಪರ್‌ಕಾಕೊರ್ ಎಂಬ ತೆಳುವಾದ ಶುಂಠಿ ಬಿಸ್ಕತ್ತು, ಡಿಸೆಂಬರ್ 13ರ ಲೂಸಿಯಾ ದಿನದ ಸುತ್ತಮುತ್ತಲಾದರೆ ಕೇಸರಿಯ ಬನ್ನು. ಬಿಸ್ಕತ್ತಿನ ಮೇಲೆ ನೀಲಿ ಗೆರೆಗಳ ಉಪ್ಪುಪ್ಪು ಚೀಸ್ ಹಚ್ಚಿ ಕೊಡುವುದೂ ಇಲ್ಲಿನ ವಾಡಿಕೆ. ಕೇಳಲು ವಿಚಿತ್ರವೆನಿಸಬಹುದು, ಆದರೆ ಗ್ಲೊಗ್‌ನ ಸಿಹಿಗೆ ಅದಕ್ಕಿಂತ ಒಳ್ಳೆಯ ಜೋಡಿಯನ್ನು ನಾನು ಕಂಡಿಲ್ಲ.

ಮದ್ಯವಿಲ್ಲದ ಗ್ಲೊಗ್ ಪ್ರತಿ ಕೂಟದಲ್ಲೂ ಇರಲೇಬೇಕು. ಮಕ್ಕಳಿರುತ್ತಾರೆ, ಕುಡಿಯದವರಿರುತ್ತಾರೆ, ಕಾರು ಓಡಿಸಿಕೊಂಡು ಹೋಗಬೇಕಾದವರಿರುತ್ತಾರೆ. ಸ್ವೀಡನ್ನಿನಲ್ಲಿ ವಾಹನ ಓಡಿಸುವವರ ರಕ್ತದಲ್ಲಿ ಮದ್ಯದ ಮಿತಿ ಸಾವಿರಕ್ಕೆ 0.2 ಮಾತ್ರ, ಒಂದು ಕಪ್ ಕುಡಿದು ಚಕ್ರ ಹಿಡಿಯುವವರನ್ನು ಇಲ್ಲಿ ಯಾರೂ ಮೆಚ್ಚುವುದಿಲ್ಲ. ನಮ್ಮ ಮನೆಗೆ ಬರುವ ಕನ್ನಡದ ಗೆಳೆಯರಲ್ಲೂ ಅರ್ಧದಷ್ಟು ಜನರಿಗೆ ಇದೇ ಬೇಕು. ಇದಕ್ಕೆ ಕಪ್ಪು ಕರಂಟ್ ಹಣ್ಣಿನ ರಸವೇ ಸರಿ. ಅದರ ಹುಳಿ, ಬಣ್ಣ, ಗಾಢತೆ ವೈನಿನ ಕೊರತೆಯನ್ನು ತುಂಬುತ್ತವೆ. ಅರ್ಧದಷ್ಟು ಸೇಬಿನ ರಸ ಸೇರಿಸಿದರೆ ಹದವಾಗುತ್ತದೆ, ಬೇರೆ ಸಕ್ಕರೆ ಬೇಕಾಗುವುದಿಲ್ಲ. ಇಲ್ಲಿ ಸಾರ ಇಳಿಸಲು ಮದ್ಯವಿಲ್ಲದ ಕಾರಣ ಕಷಾಯದ ಕೈ ಬಳಸಲೇಬೇಕು, ಆದರೆ ಹಗುರವಾಗಿ. ಒಂದು ಲೋಟ ರಸದಲ್ಲಿ ಮೇಲೆ ಹೇಳಿದಷ್ಟೇ ಮಸಾಲೆ ಹಾಕಿ, ಮುಚ್ಚಳ ಮುಚ್ಚಿ, ಕುದಿ ಬರುವ ಹಂತಕ್ಕೆ ತಂದು ಇಳಿಸಿ, ಮುಚ್ಚಿಕೊಂಡೇ ತಣಿಯಲು ಬಿಟ್ಟು, ರಾತ್ರಿಯಿಡೀ ಫ್ರಿಜ್‌ನಲ್ಲಿಡುತ್ತೇನೆ. ಬೆಳಗ್ಗೆ ಸೋಸಿ ಉಳಿದ ರಸಕ್ಕೆ ಬೆರೆಸಿದರೆ ಆಯಿತು. ಲವಂಗವನ್ನು ಮಾತ್ರ ನಾಲ್ಕಕ್ಕೆ ಇಳಿಸುತ್ತೇನೆ.

ಬೆಂಗಳೂರಿನಲ್ಲೋ ಮೈಸೂರಿನಲ್ಲೋ ಮಾಡಿನೋಡುವವರಿಗೆ ಕಪ್ಪು ಕರಂಟ್ ಸಿಗದಿದ್ದರೆ ಕಪ್ಪು ದ್ರಾಕ್ಷಿಯ ರಸಕ್ಕೆ ಒಂದಿಷ್ಟು ಪುನರ್ಪುಳಿ ಸೇರಿಸಲು ಹೇಳುತ್ತೇನೆ. ದ್ರಾಕ್ಷಿಗೆ ಕಡಿಮೆಯಿರುವ ಹುಳಿಯನ್ನು ಅದು ಕೊಡುತ್ತದೆ. ಊರಿಗೆ ಹೋದಾಗ ನಾನು ಮಾಡುವುದೂ ಹೀಗೆಯೇ.

ಕೂಟ ಮುಗಿದು ಗ್ಲೊಗ್ ಉಳಿದರೆ ದ್ರಾಕ್ಷಿ ಬಾದಾಮಿ ಇಲ್ಲದಂತೆ ಸೋಸಿ, ಬಿಸಿನೀರಿನಲ್ಲಿ ತೊಳೆದು ಒಣಗಿಸಿದ ಸೀಸೆಗೆ ತುಂಬಿ ಫ್ರಿಜ್‌ನಲ್ಲಿಡಿ. ಒಂದೆರಡು ವಾರ ಚೆನ್ನಾಗಿರುತ್ತದೆ. ಮತ್ತೆ ಮತ್ತೆ ಬಿಸಿ ಮಾಡದೆ ಬೇಕಾದಷ್ಟನ್ನೇ ಬಿಸಿ ಮಾಡಿಕೊಳ್ಳಿ. ರಸದ್ದಾದರೆ ಮೂರ್ನಾಲ್ಕು ದಿನದೊಳಗೆ ಮುಗಿಸಿ. ವೈನ್ ಬೆರೆಸದ ವೋಡ್ಕಾ ಸಾರ ಮಾತ್ರ ಬಹಳ ಕಾಲ ಉಳಿಯುತ್ತದೆ. ಆದ್ದರಿಂದ ನವೆಂಬರಿನಲ್ಲೇ ಎರಡು ಮೂರು ಪಟ್ಟು ಮಾಡಿ ಸೋಸಿಟ್ಟುಕೊಂಡರೆ, ಅನಿರೀಕ್ಷಿತವಾಗಿ ಯಾರಾದರೂ ಬಂದಾಗ ವೈನ್ ಬಿಸಿ ಮಾಡಿ ಬೆರೆಸಿ ಕೊಡಬಹುದು. ಪ್ರತಿ ಸೀಸೆ ವೈನಿಗೆ ಎಷ್ಟು ಸಾರ, ಎಷ್ಟು ಸಕ್ಕರೆ ಎಂದು ಒಂದು ಚೀಟಿಯಲ್ಲಿ ಬರೆದು ಭರಣಿಗೆ ಅಂಟಿಸಿಡಿ.