ತೆಂಗಿನ ತೋಟದ ಮೇಲೆ 220 ಕೆವಿ ಲೈನ್: ಪರಿಹಾರ ಜಾಸ್ತಿ ಮಾಡಿಸಿಕೊಂಡ ನನ್ನ ಅನುಭವ

"ಚೆಕ್ ತಗೊಂಡ್ಮೇಲೆ ಮುಗೀತು, ಕೋರ್ಟಿಗೆ ಹೋದ್ರೆ ವಕೀಲರು ಉದ್ಧಾರ ಆಗ್ತಾರೆ ಅಷ್ಟೆ" ಅಂತ ಊರವರೆಲ್ಲ ಹೇಳಿದ್ದರು. ನನ್ನ ತೋಟದ ಮೇಲೆ ವಿದ್ಯುತ್ ಲೈನ್ ಎಳೆದ ಕಂಪನಿ ಕೊಟ್ಟಿದ್ದು ಒಂದೂವರೆ ಲಕ್ಷದ ಆಸುಪಾಸು. ಜಿಲ್ಲಾ ನ್ಯಾಯಾಲಯ ಕೊಡಿಸಿದ್ದು ಆರು ಲಕ್ಷ ಚಿಲ್ಲರೆ, ಬಡ್ಡಿ ಬೇರೆ. ಈಗ ಅದೇ ಜನ ನನ್ನ ಫೈಲ್ ಜೆರಾಕ್ಸ್ ಮಾಡಿಸಲು ಬರುತ್ತಿದ್ದಾರೆ.

ಲೈನ್ ನಿಲ್ಲಿಸುವ ಆಸೆ ಬಿಡಿ. 2003ರ ವಿದ್ಯುತ್ ಕಾಯ್ದೆಯ 164ನೇ ಕಲಮಿನಡಿ ಕಂಪನಿಗೆ ಟೆಲಿಗ್ರಾಫ್ ಕಾಯ್ದೆಯ ಅಧಿಕಾರ ಸಿಕ್ಕಿದ್ದರೆ ನಮ್ಮ ಒಪ್ಪಿಗೆಯೇ ಬೇಕಿಲ್ಲ. ಮಾರ್ಗ ಬದಲಿಸಿ ಅಂತ ಕೊಟ್ಟ ಅರ್ಜಿಗೆ "ಟವರ್ ಪಾಯ ಆಗಿದೆ" ಅನ್ನುವ ಒಂದು ಸಾಲಿನ ಉತ್ತರ ಬಂತು. ತಡೆಯಾಜ್ಞೆ ಕೇಳಿದ ದಾವೆ ವಜಾ ಆಯ್ತು, ಇಪ್ಪತ್ತು ಸಾವಿರದಷ್ಟು ಹೋಯ್ತು. ಪಕ್ಕದ ಜಮೀನಿನವರು ಜೆಸಿಬಿ ಮುಂದೆ ಕೂತರು. ಟೆಲಿಗ್ರಾಫ್ ಕಾಯ್ದೆಯ 16(1)ರಡಿ ಡಿಸಿ ಆದೇಶ ಬಂತು, ಹಿಂದೆಯೇ ಪೊಲೀಸರೂ ಬಂದರು. ಗಲಾಟೆಯಲ್ಲಿ ಮರ ಉರುಳಿದವು, ಮಹಜರು (ಸ್ಥಳದಲ್ಲೇ ಮರ ಎಣಿಸಿ ಬರೆಯುವ ದಾಖಲೆ) ಸರಿಯಾಗಿ ಆಗಲೇ ಇಲ್ಲ. ಅವರ ಕೈಯಲ್ಲಿ ಇವತ್ತಿಗೂ ಒಂದು ಕಾಗದ ಇಲ್ಲ.

ನಾನು ಗಟ್ಟಿ ಹಿಡಿದಿದ್ದು ಮಹಜರನ್ನೇ. ಕಡಿಯುವ ಮೊದಲೇ ಪ್ರತಿ ಮರಕ್ಕೂ ಎದೆಯೆತ್ತರದಲ್ಲಿ ಕೆಂಪು ಪೇಂಟಿನಿಂದ ನಂಬರ್ ಬರೆದೆ. ಗೊನೆ ಕಾಣುವ ಹಾಗೆ, ಜಾಗ ಮತ್ತು ತಾರೀಕು ಮೂಡುವ ಹಾಗೆ ಫೋಟೋ ತೆಗೆದೆ. ಮಹಜರಿಗೆ ಬಂದವರು ಫಲ ಬಿಡುತ್ತಿದ್ದ ಹತ್ತಾರು ಮರಗಳನ್ನು "ಸಸಿ" ಅಂತ ಬರೆದುಕೊಂಡಿದ್ದರು. ಇಳುವರಿ ಕಾಲಂ ಖಾಲಿ. "ಆಮೇಲೆ ತುಂಬ್ತೀವಿ, ಸಹಿ ಹಾಕಿ ಗೌಡ್ರೇ" ಅಂದರು. ನಂಬರ್ ಓದಿಸುತ್ತಾ ಒಂದೊಂದು ಮರದ ಹತ್ತಿರ ಕರೆದುಕೊಂಡು ಹೋದೆ. ಖಾಲಿ ಕಾಲಮಿಗೆ ಅಡ್ಡಗೆರೆ ಎಳೆದು, ನನ್ನ ತಕರಾರನ್ನು ಕೈಯಾರೆ ಬರೆದು ಸಹಿ ಹಾಕಿದೆ. ಚೆಕ್ ರಸೀದಿಯ ಮೇಲೂ ಅಷ್ಟೆ: "ತಕರಾರಿನ ಮೇಲೆ ಪಡೆದಿದ್ದೇನೆ, ಹೆಚ್ಚಿನ ಪರಿಹಾರದ ಹಕ್ಕು ಉಳಿಸಿಕೊಂಡಿದ್ದೇನೆ." ಈ ಒಂದು ಸಾಲು ಕೋರ್ಟಲ್ಲಿ ಬಹಳ ದುಡಿಯಿತು.

ಆಮೇಲೆ ಅದೇ ಟೆಲಿಗ್ರಾಫ್ ಕಾಯ್ದೆಯ 16(3)ರಡಿ ಜಿಲ್ಲಾ ನ್ಯಾಯಾಧೀಶರ ಮುಂದೆ ಅರ್ಜಿ. ಲೆಕ್ಕ ಹೀಗಿತ್ತು: ಮರಕ್ಕೆ ವರ್ಷಕ್ಕೆ 110 ಕಾಯಿ, ಕಾಯಿಗೆ 16 ರೂಪಾಯಿ, ಖರ್ಚಿಗೆ ಅರ್ಧ ಕಳೆದು, ಮುಂದಿನ ವರ್ಷಗಳ ಆದಾಯಕ್ಕೆ ಅಂತ ಹತ್ತರಿಂದ ಗುಣಿಸಿದರೆ ಮರಕ್ಕೆ 8,800. ಕಂಪನಿ ಹಾಕಿದ್ದು ಮೂರು ಸಾವಿರ! ಮಂಡಿ ಚೀಟಿಗಳನ್ನು ವರ್ಷವಾರು ಹೊಲಿದಿಟ್ಟಿದ್ದರಿಂದ ಇಳುವರಿ ಬಗ್ಗೆ ಅವರ ವಕೀಲರು ಜಾಸ್ತಿ ಎಳೆದಾಡಲಿಲ್ಲ. ಮರ ಐವತ್ತರಷ್ಟಿದ್ದವು.

ಟವರ್ ಬಂದಿದ್ದು ಪಕ್ಕದ ಜಮೀನಿಗೆ, ನನಗೆ ಬರೀ ತಂತಿ. ಹಾಗಾಗಿ ನೆಲಕ್ಕೆ ಒಂದು ರೂಪಾಯಿಯೂ ಇಲ್ಲ ಅಂದಿದ್ದರು ಕಂಪನಿಯವರು. 220 ಕೆವಿಗೆ ತಂತಿ ಕೆಳಗೆ 35 ಮೀಟರ್ ಅಗಲದ ನೆಲದ ಪಟ್ಟಿ, ನನ್ನಲ್ಲಿ 150 ಮೀಟರ್ ಉದ್ದ. ಒಂದೂಕಾಲು ಎಕರೆಗೆ ಬಂತು. ಅಲ್ಲಿ ಇನ್ನು ತೆಂಗು ಇಲ್ಲ, ಮನೆ ಇಲ್ಲ. ಅದು ನಷ್ಟ ಅಲ್ವಾ? ಕೇಂದ್ರ ವಿದ್ಯುತ್ ಸಚಿವಾಲಯದ 2015ರ ಮಾರ್ಗಸೂಚಿಯಲ್ಲಿ ಈ ಪಟ್ಟಿಗೆ ಭೂಮಿ ಬೆಲೆಯ ಗರಿಷ್ಠ ಶೇ 15 ಇದೆ, ಟವರ್ ಜಾಗಕ್ಕೆ ಶೇ 85. 2024ರ ಜೂನ್‌ನಲ್ಲಿ ಇವು ಶೇ 30 ಮತ್ತು ಶೇ 200 ಆದವು, ನನ್ನ ಕೇಸಿಗೆ ಹಳೆಯದೇ. ಎಕರೆಗೆ ಹತ್ತು ಲಕ್ಷದ ಬೆಲೆಯನ್ನು ಅಕ್ಕಪಕ್ಕದ ಸರ್ವೆ ನಂಬರಿನ ಕ್ರಯಪತ್ರಗಳಿಂದ ತೋರಿಸಿದೆ. ಯಾವ ಕ್ರಯಪತ್ರ ಆರಿಸಬೇಕು ಅನ್ನುವುದರಲ್ಲಿ ಒಂದು ಪಟ್ಟು ಇದೆ. ಕಂಪನಿ ಹೈಕೋರ್ಟಿನ ಮಾತಾಡುತ್ತಿದೆ, ಹಾಗಾಗಿ ಅದನ್ನು ಈಗ ಬಿಟ್ಟುಕೊಡಲ್ಲ.

ತಂತಿ ಕೆಳಗೆ ಸುಮ್ನೆ ಬಿಡಬಾರದು ಅಂತ ನುಗ್ಗೆ ಹಾಕಿ ನೋಡಿದೆ. ನೋಡ್ತಾ ನೋಡ್ತಾ ಎತ್ತರ ಹೋಯ್ತು, ಲೈನ್ ನೋಡಿಕೊಳ್ಳುವವರು ಬಂದು ಕಡಿದರು. ಈಗ ಹಿಪ್ಪುನೇರಳೆ ಇದೆ, ಹೇಗಿದ್ದರೂ ಸವರುತ್ತಿರಬೇಕಲ್ಲ. ಮುಳ್ಳುತಂತಿ ಬೇಲಿ ಮುಟ್ಟಿದರೆ ಜುಮ್ಮೆನ್ನುತ್ತಿತ್ತು, ಟೆಸ್ಟರ್ ಇಟ್ಟರೆ ಮಿಣಮಿಣ ಉರಿಯುತ್ತಿತ್ತು. ಎರಡು ಕಡೆ ಅರ್ಥಿಂಗ್ ಕೊಡಿಸಿದ ಮೇಲೆ ನಿಂತಿತು.

ವಕೀಲರ ಫೀಸು, ಕೋರ್ಟ್ ಕಮಿಷನರ್, ನಕಲು ಎಲ್ಲ ಸೇರಿ ಎಪ್ಪತ್ತು ಸಾವಿರದ ಹತ್ತಿರ ಖರ್ಚು. ನಾಲ್ಕು ವರ್ಷ ಹಿಡಿಯಿತು. ಅಸಲು ಬಂದಿದೆ, ಬಡ್ಡಿ ಬಂದಿಲ್ಲ. ಅದಕ್ಕೆ ಅಮಲ್ಜಾರಿ ಅರ್ಜಿ (ಆದೇಶ ಜಾರಿ ಮಾಡಿಸಿ ಅನ್ನುವ ಅರ್ಜಿ) ಹಾಕಿದ್ದೇನೆ.