ಹೆಚ್ಚುವರಿ ಪಟ್ಟಿಯಲ್ಲಿ ಫಸ್ಟ್ ಹೆಸರು ನಂದೇ, ಆರ್ಡರ್ ಮಾತ್ರ ಬರ್ಲಿಲ್ಲ – ನನ್ನ ಅನುಭವ

ಗ್ರೂಪ್ ಸಿ ಪೋಸ್ಟು, ಇಲಾಖೆ ಹೆಸರು ಬೇಡ. ಅಂತಿಮ ಆಯ್ಕೆಪಟ್ಟಿಯಲ್ಲಿ ನಾನಿರ್ಲಿಲ್ಲ, ಹೆಚ್ಚುವರಿ ಪಟ್ಟಿಯಲ್ಲಿ, ಅಂದ್ರೆ ವೇಟಿಂಗ್ ಲಿಸ್ಟಲ್ಲಿ, 2ಎ ಗ್ರಾಮೀಣ ಮೀಸಲಾತಿಯಲ್ಲಿ ಮೊದಲನೇ ಹೆಸರು ನಂದು. ಎಲ್ರೂ ಹೇಳಿದ್ದು ಒಂದೇ, ಯಾರಾದ್ರೂ ಬಿಟ್ರೆ ಕರೀತಾರೆ ಕಾಯಿ ಅಂತ. ನಿಜ ಹೇಳ್ಬೇಕಂದ್ರೆ ನಾವಾಗೇ ಕೇಳದಿದ್ರೆ ಯಾರೂ ಕರೆಯಲ್ಲ, ಪಟ್ಟಿಯ ಅವಧಿ ಮುಗಿದ್ಹೋಗತ್ತೆ ಅಷ್ಟೇ.

ಮೊದ್ಲು ಒಂದು ವಿಷಯ ಸ್ಪಷ್ಟ ಮಾಡ್ಕೊಳ್ಳಿ. ಲಿಸ್ಟಲ್ಲಿ ಹೆಸರು ಬಂದ ಮಾತ್ರಕ್ಕೆ ಕೆಲಸ ನಮ್ಮ ಹಕ್ಕು ಆಗಲ್ಲ. 1991ರ ಶಂಕರ್‌ಸನ್ ದಾಶ್ ಕೇಸಲ್ಲೇ ಸುಪ್ರೀಂ ಕೋರ್ಟ್ ಇದನ್ನ ಹೇಳಿದೆ, ಆದ್ರೆ ಅದೇ ತೀರ್ಪಲ್ಲಿ ಸರ್ಕಾರ ಮನಸ್ಸಿಗೆ ಬಂದಂಗೆ ನಡ್ಕೊಳ್ಳೋ ಹಾಗಿಲ್ಲ, ಪೋಸ್ಟ್ ತುಂಬದೇ ಬಿಟ್ರೆ ಅದಕ್ಕೆ ಸರಿಯಾದ ಕಾರಣ ಇರ್ಬೇಕು ಅಂತಾನೂ ಇದೆ. 2024ರ ನವೆಂಬರ್‌ನಲ್ಲಿ ತೇಜ್ ಪ್ರಕಾಶ್ ಪಾಠಕ್ ಕೇಸಲ್ಲಿ ಐದು ಜಡ್ಜ್‌ಗಳ ಪೀಠಾನೂ ಅದನ್ನೇ ಎತ್ತಿಹಿಡೀತು. ಅಂದ್ರೆ ನಮ್ ಕೈಲಿರೋ ಹಕ್ಕು ಕಾರಣ ಕೇಳೋದು, ನಾನು ಹಿಡ್ಕೊಂಡಿದ್ದೂ ಅದನ್ನೇ.

ಆರ್‌ಟಿಐ ಹಾಕ್ದೆ. 10 ರೂಪಾಯಿ ಪೋಸ್ಟಲ್ ಆರ್ಡರ್. ನಮ್ ರಾಜ್ಯದ ನಿಯಮದಲ್ಲಿ ಅರ್ಜಿ 150 ಪದದೊಳಗೆ, ಒಂದೇ ವಿಷಯಕ್ಕೆ ಇರ್ಬೇಕು, ಹಂಗಾಗಿ "ನನಗೆ ಅನ್ಯಾಯ ಆಗಿದೆ" ಅಂತೆಲ್ಲ ಬರೀಬೇಡಿ, ಜಾಗ ದಂಡ. ಬೇರೆ ಅಭ್ಯರ್ಥಿಗಳ ಅಂಕ, ವಿಳಾಸ ಕೇಳಿದ್ರೆ ವೈಯಕ್ತಿಕ ಮಾಹಿತಿ ಅಂತ ವಾಪಸ್ ಕಳಿಸ್ತಾರೆ. ನಾನು ಕೇಳಿದ್ದು ಇಷ್ಟು: ವರ್ಗವಾರು ಎಷ್ಟು ಜನಕ್ಕೆ ನೇಮಕಾತಿ ಆದೇಶ ಕೊಟ್ಟಿದೀರಿ, ಎಷ್ಟು ಜನ ಹಾಜರಾಗಿದಾರೆ, ಈ ವಿವರ ಇರೋ ತಖ್ತೆಯ (ಕೋಷ್ಟಕದ) ದೃಢೀಕೃತ ನಕಲು ಕೊಡಿ. 30 ದಿನ ಕಳೀತು, ಉತ್ತರ ಇಲ್ಲ, ಮೊದಲ ಮೇಲ್ಮನವಿ ಹಾಕಿದ್ಮೇಲೆ ತಖ್ತೆ ಬಂತು. "ಕರ್ತವ್ಯಕ್ಕೆ ಹಾಜರಾದ ದಿನಾಂಕ" ಅನ್ನೋ ಕಾಲಂನಲ್ಲಿ 2ಎ ಗ್ರಾಮೀಣದ ಒಂದು ಸಾಲಿನ ಮುಂದೆ ಬರೀ ಗೀಟು, ಷರಾ (ರಿಮಾರ್ಕ್ಸ್) ಕಾಲಂನಲ್ಲಿ "ಹಾಜರಾಗಿರುವುದಿಲ್ಲ". ನನ್ನ ಇಡೀ ಕೇಸು ಆ ಒಂದು ಗೀಟಿನ ಮೇಲೇ ನಿಂತಿತ್ತು.

ಯಾಕಂದ್ರೆ ಹಾಜರೇ ಆಗದೇ ಇರೋದಕ್ಕೂ, ಜಾಯಿನ್ ಆಗಿ ಆಮೇಲೆ ರಾಜೀನಾಮೆ ಕೊಡೋದಕ್ಕೂ ತುಂಬಾ ವ್ಯತ್ಯಾಸ ಇದೆ. ಹಾಜರೇ ಆಗದಿದ್ರೆ ಆ ಹುದ್ದೆಗೆ ವೇಟಿಂಗ್ ಲಿಸ್ಟಲ್ಲಿರೋರನ್ನ ಪರಿಗಣಿಸಿ ಅಂತ ಕೇಳಬಹುದು. ಜಾಯಿನ್ ಆಗಿ ಬಿಟ್ಟು ಹೋದ್ರೆ ಅದು ಸಾಮಾನ್ಯವಾಗಿ ಹೊಸ ಖಾಲಿ ಹುದ್ದೆ, ವೇಟಿಂಗ್ ಲಿಸ್ಟ್ ಅಲ್ಲಿಗೆ ಮುಟ್ಟಲ್ಲ. ನೋಟಿಫಿಕೇಶನ್ ಆದ್ಮೇಲೆ ಹುಟ್ಟಿದ ಹುದ್ದೆಗಳಿಗೂ ಅಷ್ಟೇ.

ಆ ತಖ್ತೆ ಲಗತ್ತಿಸಿ ನೇಮಕಾತಿ ಪ್ರಾಧಿಕಾರಕ್ಕೆ ಮನವಿ ಕೊಟ್ಟೆ, ಪಟ್ಟಿಯ ಅವಧಿ ಇನ್ನೂ ಇರುವಾಗ್ಲೇ. ಅವಧಿ ಎಷ್ಟು ಅನ್ನೋದು ನಿಮ್ಮ ನೇಮಕಾತಿಯ ನಿಯಮದಲ್ಲೇ ಇರತ್ತೆ, ಬೇರೆ ಇಲಾಖೆಯ ಲೆಕ್ಕ ನಂಬ್ಕೋಬೇಡಿ. ಕಚೇರಿಯ ಟಪಾಲು ವಿಭಾಗದಲ್ಲಿ ಸೀಲು, ದಿನಾಂಕ ಹಾಕಿಸ್ಕೊಂಡ್ ಸ್ವೀಕೃತಿ ತಗೊಳ್ಳಿ, ಕೊಡಲ್ಲ ಅಂದ್ರೆ ಸ್ಪೀಡ್ ಪೋಸ್ಟ್ (ರಿಜಿಸ್ಟರ್ಡ್ ಪೋಸ್ಟ್ 2025ರಲ್ಲಿ ಅದ್ರಲ್ಲೇ ಸೇರಿಹೋಯ್ತು). ಬಂದ ಹಿಂಬರಹದಲ್ಲಿ, ಅಂದ್ರೆ ಅವರ ಲಿಖಿತ ಉತ್ತರದಲ್ಲಿ, ಇದ್ದಿದ್ದು "ಅವಕಾಶವಿರುವುದಿಲ್ಲ" ಅಂತ ಒಂದೇ ಸಾಲು, ಯಾವ ನಿಯಮದ ಪ್ರಕಾರ ಅಂತ ಇಲ್ಲ. ಓದಿ ಹೊಟ್ಟೆ ಉರೀತು, ಆದ್ರೆ ವಕೀಲರು ಇದೇ ಒಳ್ಳೇದಾಯ್ತು ಅಂದ್ರು, ಕಾರಣ ಇಲ್ಲದ ಹಿಂಬರಹ ಪ್ರಶ್ನೆ ಮಾಡೋದು ಸುಲಭ.

ರಾಜ್ಯ ಸರ್ಕಾರಿ ಹುದ್ದೆ ಆಗಿದ್ರಿಂದ ಕೆಎಟಿಗೆ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋದ್ವಿ, 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 19ನೇ ಸೆಕ್ಷನ್ ಅಡಿ ಅರ್ಜಿ. ಬೆಂಗಳೂರೇ ಆಗ್ಬೇಕಂತಿಲ್ಲ, ಬೆಳಗಾವಿ, ಕಲಬುರಗಿಯಲ್ಲೂ ಪೀಠ ಇದೆ. ಆದೇಶ ಬಂದು ಒಂದು ವರ್ಷದೊಳಗೆ ಹೋಗ್ಬೇಕು, ಮನವಿಗೆ ಉತ್ತರಾನೇ ಬರ್ಲಿಲ್ಲ ಅಂದ್ರೆ ಆರು ತಿಂಗಳು ಕಾದು ಅಲ್ಲಿಂದ ಒಂದು ವರ್ಷ. ಮತ್ತೆ ಮತ್ತೆ ಮನವಿ ಕೊಡ್ತಾ ಕೂತ್ರೆ ಈ ಗಡುವು ಮುಂದಕ್ಕೆ ಹೋಗಲ್ಲ, ಎಷ್ಟೋ ಒಳ್ಳೇ ಕೇಸುಗಳು ಇಲ್ಲೇ ಸತ್ತಿವೆ.

ನ್ಯಾಯಮಂಡಳಿ ಕೆಲಸ ಕೊಡಿ ಅಂತ ನೇರ ಹೇಳ್ಲಿಲ್ಲ. ಹಿಂಬರಹ ರದ್ದು ಮಾಡಿ, ಖಾಲಿ ಉಳಿದ ಹುದ್ದೆಗೆ ಅರ್ಜಿದಾರರನ್ನ ಪರಿಗಣಿಸಿ ಕಾರಣಸಹಿತ ಆದೇಶ ಮಾಡಿ ಅಂತು, ಗಡುವೂ ಕೊಡ್ತು. ದಾಖಲಾತಿ ಪರಿಶೀಲನೆ, ಜಾತಿ ಸಿಂಧುತ್ವ ಪ್ರಮಾಣಪತ್ರ ಎಲ್ಲ ಮುಗಿದು ಆರ್ಡರ್ ಕೈಗೆ ಬಂತು, ಜಾಯಿನ್ ಆದೆ. ಸೀನಿಯಾರಿಟಿ ಬಗ್ಗೆ ಅದ್ರಲ್ಲಿ ಏನೂ ಬರ್ದಿರ್ಲಿಲ್ಲ, ಅದಕ್ಕೆ ಬೇರೆ ಮನವಿ ಕೊಟ್ಟಿದೀನಿ, ಇನ್ನೂ ಉತ್ತರ ಬಂದಿಲ್ಲ.