ಹೊನ್ನಾವರದಲ್ಲಿ ಕಾಂಡ್ಲಾ ನಡಿಗೆ, ದೋಣಿ: ಒಂದೇ ದಿನಕ್ಕೆ

ಹೊನ್ನಾವರಕ್ಕೆ ಹೊರಡುವ ಮೊದಲು ಆ ದಿನದ ಉಬ್ಬರ-ಇಳಿತದ ಸಮಯ ನೋಡಿಕೊಳ್ಳಿ. ಶರಾವತಿ ಕಾಂಡ್ಲಾ (ಮ್ಯಾಂಗ್ರೋವ್) ಕಾಡಿನ ಹಲಗೆ ದಾರಿಗೆ ಇಳಿತದ ಹೊತ್ತೇ ಸರಿ. ಕೆಸರಿನಿಂದ ಮೊಳೆ ಹೊಡೆದಂತೆ ಎದ್ದು ನಿಂತ ಉಸಿರುಬೇರುಗಳು, ಒಂದು ಕೈ ಮಾತ್ರ ದೊಡ್ಡದಿರುವ ಪುಟ್ಟ ಏಡಿಗಳು ಆಗ ಚೆನ್ನಾಗಿ ಕಾಣುತ್ತವೆ. ನೀರು ಏರಿತೆಂದರೆ ಎಲ್ಲ ಮುಚ್ಚಿಹೋಗುತ್ತದೆ. ದೋಣಿಗೆ ಮಾತ್ರ ಉಬ್ಬರ ಬೇಕು, ಇಲ್ಲದಿದ್ದರೆ ಕಿರಿದಾದ ಕಾಲುವೆಗಳೊಳಗೆ ಹೋಗಲಾಗದು. ನಡುವೆ ಸುಮಾರು 6 ಗಂಟೆ ಸಿಗುತ್ತದೆ. ಮೀನೂಟ ಮುಗಿಸಿ ಕಾಸರಕೋಡು ಬೀಚ್ (ಸ್ವಚ್ಛ ಬೀಚ್‌ಗಳಿಗೆ ಕೊಡುವ ಅಂತರರಾಷ್ಟ್ರೀಯ ಮಾನ್ಯತೆ ‘ಬ್ಲೂ ಫ್ಲ್ಯಾಗ್’ 2020ರಲ್ಲಿ ಇದಕ್ಕೂ ಸಿಕ್ಕಿತ್ತು) ಅಥವಾ ಅಪ್ಸರಕೊಂಡ ಜಲಪಾತ ನೋಡಿ ಬನ್ನಿ. ನನ್ನ ಮತ ಅಪ್ಸರಕೊಂಡಕ್ಕೆ, ಮಧ್ಯಾಹ್ನ ಅಲ್ಲಿ ನೆರಳಾದರೂ ಇದೆ.

ದೋಣಿ ಹತ್ತುವ ಮುಂಚೆಯೇ ಬಾಡಿಗೆ ಎಷ್ಟು, ಎಷ್ಟು ಹೊತ್ತು ಅಂತ ಮಾತಾಡಿಕೊಳ್ಳಿ. ಲೈಫ್ ಜಾಕೆಟ್ ಕೊಡದಿದ್ದರೆ ಹತ್ತಲೇಬೇಡಿ. ಮಳೆಗಾಲದಲ್ಲಂತೂ ಈ ಪ್ಲಾನ್ ಬೇಡವೇ ಬೇಡ.